ನೀರೊಳಗೆ ಬೆವೆತವನನ್ನು ಕ್ಯಾಮೆರಾ ಹೇಗೆ ಹಿಡಿಯುತ್ತೆ?

ಅಂಕದ ಪರದೆ: ಓದುಗರ ಪ್ರಶ್ನೆ, ಅಕ್ಕನ ಉತ್ತರ

ಹೋದ ತಿಂಗಳು ಇಲ್ಲಿ ಒಂದು ಮಾತು ಬರೆದಿದ್ದೆ. ‘ನಾಟಕವನ್ನು ಸಿನಿಮಾ ಮಾಡಲು ಹೊರಟವರು ಮೊದಲು ಒಂದು ರಾತ್ರಿ ನಿದ್ದೆಗೆಟ್ಟು ಹಳ್ಳಿ ನಾಟಕ ನೋಡಲಿ’ ಅಂತ. ಅದಕ್ಕೆ ರಾಶಿ ಪತ್ರ ಬಂದಿವೆ. ಕೆಲವರು ಬೈದಿದ್ದಾರೆ, ಕೆಲವರು ತಮ್ಮೂರ ನಾಟಕಕ್ಕೆ ಕರೆದಿದ್ದಾರೆ. ಹಾಗಾಗಿ ಈ ಸಲ ಪೂರ್ತಿ ಅದೇ ವಿಷಯ. ಹೊಸ ಓದುಗರಿಗೆ ನನ್ನ ಪರಿಚಯ ಇಷ್ಟೇ: ತುಮಕೂರಿನವಳು. 31 ವರ್ಷ ಸುತ್ತಮುತ್ತಲ ಹಳ್ಳಿಗಳ ಪೌರಾಣಿಕ ನಾಟಕಗಳಲ್ಲಿ ದ್ರೌಪದಿ, ಕುಂತಿ, ರುಕ್ಮಿಣಿ ಪಾರ್ಟು ಮಾಡಿದೆ. ಆಮೇಲೆ ಗಂಟಲು ಕೈಕೊಟ್ಟಿತು. ಡಬ್ಬಿಂಗ್‌ಗೆ ಹೋದೆ, ಸಿನಿಮಾದಲ್ಲಿ ಅತ್ತೆಯಾದೆ, ಅಜ್ಜಿಯಾದೆ. ಈಗ ಮನೆಯಲ್ಲಿ ಕೂತು ನಿಮ್ಮ ಪತ್ರ ಓದುತ್ತೇನೆ.

ಪ್ರಶ್ನೆ: ಅಕ್ಕಾ, ನಾನು ಬಿ.ಎ. ಕೊನೆಯ ವರ್ಷದಲ್ಲಿದ್ದೇನೆ. ನಮ್ಮೂರ ಜಾತ್ರೆಗೆ ಪ್ರತಿವರ್ಷ ‘ಕುರುಕ್ಷೇತ್ರ’ ಆಡುತ್ತಾರೆ. ಅದರ ದುರ್ಯೋಧನನ ಕೊನೆಯ ಭಾಗವನ್ನು ಅರ್ಧ ಗಂಟೆಯ ಸಿನಿಮಾ ಮಾಡಬೇಕು ಅಂತ ನಾವು ನಾಲ್ಕು ಜನ ಹೊರಟಿದ್ದೇವೆ. ಕಂದ, ವೃತ್ತ ಅನ್ನುವ ಹಳೆ ಛಂದಸ್ಸಿನ ಪದ್ಯಗಳೆಲ್ಲಾ ಈಗಿನವರಿಗೆ ಅರ್ಥವಾಗಲ್ಲ, ತೆಗೆದು ಆಡುಮಾತು ಮಾಡೋಣ ಅಂತ ಗೆಳೆಯರು ಹೇಳುತ್ತಾರೆ. ಪದ್ಯ ಇಟ್ಟರೆ ಜನ ಎದ್ದುಹೋಗುತ್ತಾರಾ?
– ವಿದ್ಯಾರ್ಥಿ, ಗುಬ್ಬಿ ತಾಲ್ಲೂಕು

ಗುಬ್ಬಿ ಮಣ್ಣಿನಲ್ಲಿ ನಿಂತು ಈ ಪ್ರಶ್ನೆ ಕೇಳ್ತೀಯಲ್ಲ ಮಗನೇ! 1884ರಲ್ಲಿ ನಿಮ್ಮೂರಲ್ಲಿ ಹುಟ್ಟಿದ ನಾಟಕ ಕಂಪನಿ ಆಮೇಲೆ ವೀರಣ್ಣನವರ ಕೈಯಲ್ಲಿ ನಾಡೆಲ್ಲ ತಿರುಗಿತು. ‘ಕುರುಕ್ಷೇತ್ರ’ಕ್ಕೆ ನಿಜವಾದ ಆನೆ, ಕುದುರೆಯನ್ನೇ ರಂಗದ ಮೇಲೆ ತಂದವರು ಅವರು. ಆನೆ ನೋಡಲು ಬಂದ ಜನವೇ ಪದ್ಯಕ್ಕೆ ‘ಒನ್ಸ್ ಮೋರ್’ ಅಂತ ಕೂಗುತ್ತಿದ್ದದ್ದು. ಎರಡೂ ಬೇಕಿತ್ತು ಅವರಿಗೆ.

ಈಗ ನಿನ್ನ ಪ್ರಶ್ನೆ. ಜನ ಯಾವಾಗ ಎದ್ದುಹೋಗುತ್ತಾರೆ ಅನ್ನೋದು ನನಗೆ ಚೆನ್ನಾಗಿ ಗೊತ್ತು. ಸೈಡ್ ವಿಂಗ್‌ನಲ್ಲಿ ನನ್ನ ಸರದಿಗೆ ಕಾಯುತ್ತ ನಾನು ನೋಡುತ್ತಿದ್ದದ್ದು ನಾಟಕವನ್ನಲ್ಲ, ಆಚೆ ಕಡೆಯ ಟೀ ಅಂಗಡಿಯನ್ನು. ಅಲ್ಲಿ ಜನ ಸೇರಿದರೆ ಇಲ್ಲಿ ಏನೋ ಎಡವಟ್ಟಾಗಿದೆ ಅಂತ ಅರ್ಥ. ಪದ್ಯಕ್ಕೆ ಯಾರೂ ಎದ್ದುಹೋಗಿದ್ದು ಕಾಣೆ. ಪದ್ಯದ ಮಾತು ಮುಗಿದ ಮೇಲೂ ಐದು ನಿಮಿಷ ‘ಆ…’ ಅಂತ ಎಳೆಯುತ್ತಾರಲ್ಲ, ಆಗ ಎದ್ದುಹೋಗುತ್ತಾರೆ. ಮುಂದೆ ಏನಾಗುತ್ತೆ ಅಂತ ಮೊದಲೇ ಹೇಳಿ, ಆಮೇಲೆ ಅದನ್ನೇ ಆಡಿ ತೋರಿಸಿದಾಗಲೂ ಎದ್ದುಹೋಗುತ್ತಾರೆ.

ನಮ್ಮ ಹಾರ್ಮೋನಿಯಂ ಮೇಷ್ಟ್ರಿಗೂ ಇದು ಗೊತ್ತಿತ್ತು. ದುರ್ಯೋಧನ ಜಾಸ್ತಿ ಎಳೆದರೆ ಮೆಲ್ಲಗೆ ತಿದಿ ಒತ್ತುವುದನ್ನು ನಿಲ್ಲಿಸುತ್ತಿದ್ದರು. ಶ್ರುತಿ ಹೋದ ಮೇಲೆ ದುರ್ಯೋಧನ ಹೊಳೆ ಮಧ್ಯೆ ಹರಿಗೋಲು ಕಳಕೊಂಡವನ ಹಾಗೆ ಆಗುತ್ತಿದ್ದ. ಆಮೇಲೆ ಬಣ್ಣದ ಕೋಣೆಯಲ್ಲಿ ಜಗಳ. ದುಡ್ಡು ಕಟ್ಟಿ ಪಾರ್ಟು ತಗೊಂಡಿರುವವನು ಅವನು, ಎಲ್ಲರಿಗಿಂತ ಜಾಸ್ತಿ ಕಟ್ಟಿರುವವನು, ಬಿಡುತ್ತಾನಾ? ಆದರೂ ಮೇಷ್ಟ್ರು ಸರಿ. ಸಿನಿಮಾದಲ್ಲಿ ಎಡಿಟರ್ ಮಾಡುವ ಕೆಲಸವನ್ನೇ ಅವರು ತಿದಿಯಲ್ಲಿ ಮಾಡುತ್ತಿದ್ದರು.

ಹಾಗಾದರೆ ಯಾವ ಪದ್ಯ ಇಡಬೇಕು, ಯಾವುದು ತೆಗೆಯಬೇಕು? ನಿನ್ನ ಪಠ್ಯದಲ್ಲಿ ರನ್ನ ಬಂದೇ ಇರುತ್ತಾನೆ, ಹತ್ತನೇ ಶತಮಾನದವನು. ‘ಗದಾಯುದ್ಧ’ದಲ್ಲಿ ಅವನು ಮೊದಲಿನಿಂದ ಕಥೆ ಹೇಳುತ್ತ ಕೂರುವುದಿಲ್ಲ. ಯುದ್ಧದ ಕೊನೆಗೆ ನೇರ ಬಂದು ನಿಂತು, ಹಿಂದಿನದ್ದನ್ನು ತಿರುತಿರುಗಿ ನೋಡುತ್ತಾನೆ. ಸಿಂಹಾವಲೋಕನ ಕ್ರಮ ಅಂತ ನಿಮ್ಮ ಮೇಷ್ಟ್ರು ನೋಟ್ಸ್ ಕೊಟ್ಟಿರಬೇಕು. ನೀವು ಫ್ಲ್ಯಾಶ್‌ಬ್ಯಾಕ್ ಅನ್ನೋದು ಅದನ್ನೇ. ನಮ್ಮ ಜಿಲ್ಲೆಯ ಸಂಪಿಗೆಯಲ್ಲಿ ಹುಟ್ಟಿದ ಬಿ.ಎಂ. ಶ್ರೀಕಂಠಯ್ಯನವರು ಆ ಕಾವ್ಯವನ್ನು ‘ಗದಾಯುದ್ಧ ನಾಟಕಂ’ ಮಾಡಿದರು. 2019ರಲ್ಲಿ ದರ್ಶನ್ ದುರ್ಯೋಧನನಾದ ‘ಕುರುಕ್ಷೇತ್ರ’ ಸಿನಿಮಾದ ಬೇರೂ ಅಲ್ಲೇ ಇದೆ. ಕಾವ್ಯ ನಾಟಕವಾಗಿ, ಸಿನಿಮಾವಾಗಿ ಬಂದ ದಾರಿ ನಿನ್ನ ಮುಂದೆ ಸಿದ್ಧವಾಗಿದೆ.

ಅದರಿಂದ ಎರಡು ಜಾಗ ತೆಗೆದುಕೊ. ಒಂದರಲ್ಲಿ ದುರ್ಯೋಧನ ಸಂಜಯನ ಜೊತೆ ಹೆಣಗಳ ಮಧ್ಯೆ ನಡೆದು ಬರುತ್ತಾನೆ. ಅಲ್ಲಿ ದ್ರೋಣ ಬಿದ್ದಿದ್ದಾನೆ. ಮಗ ಲಕ್ಷಣಕುಮಾರ ಬಿದ್ದಿದ್ದಾನೆ. ತಮ್ಮ ದುಶ್ಶಾಸನ, ಗೆಳೆಯ ಕರ್ಣ. ರಂಗದ ಮೇಲೆ ಅಷ್ಟು ಹೆಣ ಮಲಗಿಸಲು ಆಗುತ್ತಾ? ಆಗಲ್ಲ. ಅದಕ್ಕೇ ನಾವು ಖಾಲಿ ಹಲಗೆ ನೋಡಿಕೊಂಡು ಒಬ್ಬೊಬ್ಬರಿಗೆ ಒಂದೊಂದು ಪದ್ಯ ಹಾಡಿ ಅಳುವುದು. ನಿನಗೆ ಕ್ಯಾಮೆರಾ ಇದೆ. ಅವನು ನಡೆಯುವುದನ್ನು ತೋರಿಸು, ಎಲ್ಲಿ ನಿಲ್ಲುತ್ತಾನೆ ತೋರಿಸು. ಅಲ್ಲಿ ಹಾಡಿಸಿದರೆ ಕಂಡದ್ದನ್ನೇ ಮತ್ತೆ ಹೇಳಿದ ಹಾಗೆ. ಕರ್ಣನ ಮುಂದೆ ಮಾತ್ರ ಒಂದೇ ಒಂದು ಪದ್ಯ ಇಟ್ಟುಕೊ. ಅದು ಲೆಕ್ಕಾಚಾರ ಅಲ್ಲ, ನನ್ನ ಆಸೆ.

ಇನ್ನೊಂದು ವೈಶಂಪಾಯನ ಸರೋವರ. ನೀರೊಳಗೆ ಅಡಗಿ ಕೂತಿದ್ದಾನೆ. ದಡದಲ್ಲಿ ಭೀಮ ಗುಡುಗುತ್ತಾನೆ. ರನ್ನ ಹೇಳುತ್ತಾನೆ: ‘ನೀರೊಳಗಿರ್ದುಂ ಬೆಮರ್ತನ್ ಉರಗಪತಾಕಂ.’ ಹಾವಿನ ಬಾವುಟದ ದೊರೆ ನೀರೊಳಗಿದ್ದೂ ಬೆವೆತ. ಇದನ್ನು ಕ್ಯಾಮೆರಾದಲ್ಲಿ ಹಿಡಿ ನೋಡೋಣ! ನೀರಲ್ಲಿ ಮುಳುಗಿದವನ ಮೈಮೇಲೆ ಬೆವರು ಕಾಣುತ್ತಾ? ಭಯಕ್ಕೆ ಬೆವೆತನೋ, ಸಿಟ್ಟಿಗೋ? ಪದ್ಯದಲ್ಲೇ ‘ಕೋಪಾರುಣನೇತ್ರಂ’ ಅಂತ ಇದೆ, ಕಣ್ಣು ಕೆಂಪಾಗಿರುವುದು ಸಿಟ್ಟಿಗೆ. ಆದರೂ ಕೇಳಿದವರಿಗೆ ‘ಅಯ್ಯೋ ಪಾಪ’ ಅನ್ನಿಸುತ್ತೆ. ಎಷ್ಟು ದುಡ್ಡು ಸುರಿದರೂ ಈ ಬೆವರು ತೆರೆಯ ಮೇಲೆ ಬರಲ್ಲ, ಮಾತಿನಲ್ಲಿ ಮಾತ್ರ ಬರುತ್ತೆ. ಅಲ್ಲಿ ಪದ್ಯ ಇಡು. ತೆರೆ ಕತ್ತಲಾಗಿರಲಿ, ನೀರಿನ ಸದ್ದಿರಲಿ, ಒಂದು ಒಳ್ಳೆ ಗಂಟಲು ಆ ಸಾಲನ್ನು ಹೇಳಲಿ. ಹಳೆಗನ್ನಡ ಗೊತ್ತಿಲ್ಲದವರಿಗೂ ‘ನೀರೊಳಗೆ ಬೆವೆತ’ ಅನ್ನುವುದು ಮುಟ್ಟುತ್ತೆ, ಬೇಕಾದರೆ ಕೆಳಗೆ ಹೊಸಗನ್ನಡದಲ್ಲಿ ಒಂದು ಸಾಲು ಹಾಕು.

ಆ 2019ರ ಸಿನಿಮಾವನ್ನು ನಾನು ಇಲ್ಲೇ ತುಮಕೂರಿನ ಥಿಯೇಟರಿನಲ್ಲಿ ನೋಡಿದೆ. ದುರ್ಯೋಧನ ಗ್ರಾಂಥಿಕ ಕನ್ನಡದಲ್ಲಿ ಉದ್ದುದ್ದ ಮಾತು ಹೊಡೆದಾಗ ಹುಡುಗರು ಹಾಕಿದ ಶಿಳ್ಳೆ ನಮ್ಮ ಹಳ್ಳಿ ಶಿಳ್ಳೆಯೇ. ಅರ್ಥವಾಗಲ್ಲ ಅಂತ ಯಾರೂ ಗೊಣಗಲಿಲ್ಲ. ನನಗೆ ಬೇಜಾರಾಗಿದ್ದು ಮಾತಿನಿಂದಲ್ಲ, ಅಷ್ಟೊಂದು ಗ್ರಾಫಿಕ್ಸ್ ಸೈನ್ಯ ಕಣ್ಣಿಗೆ ತುಂಬಿಕೊಂಡಿದ್ದರಿಂದ.

ಒಂದು ಕೆಲಸ ಮಾಡು. ಕ್ಯಾಮೆರಾ ಬಾಡಿಗೆಗೆ ತರುವ ಮೊದಲು ನಿಮ್ಮೂರ ಅರಳಿಕಟ್ಟೆಯ ಮೇಲೆ ಇಡೀ ಸ್ಕ್ರಿಪ್ಟನ್ನು ಓದಿ, ಹಾಡಿ. ಇಪ್ಪತ್ತು ಜನ ಸಾಕು. ನಿಮ್ಮಲ್ಲಿ ಒಬ್ಬ ಸ್ಕ್ರಿಪ್ಟ್ ಬಿಟ್ಟು ಜನರನ್ನೇ ನೋಡುತ್ತಿರಲಿ. ಎಲ್ಲಿ ಮೊಬೈಲ್ ತೆಗೆದರು, ಎಲ್ಲಿ ಬೀಡಿಗೆ ಎದ್ದರು, ಗುರುತು ಹಾಕಿಕೊಳ್ಳಿ. ನಾಟಕದವರಿಗೆ ಜನ ಎದುರಿಗೇ ಕೂತಿರುತ್ತಾರೆ, ಆವತ್ತೇ ತಿದ್ದುತ್ತಾರೆ. ಸಿನಿಮಾ ಒಂದು ಸಲ ಕತ್ತರಿಸಿ ಅಂಟಿಸಿದ ಮೇಲೆ ಯಾರು ಆಕಳಿಸಿದರೂ ಅದಕ್ಕೆ ಕೇಳಿಸಲ್ಲ.

ಪ್ರಶ್ನೆ: ಕೃಷ್ಣನ ವಿಶ್ವರೂಪಕ್ಕೆ ಗ್ರಾಫಿಕ್ಸ್ ಇಲ್ಲದೆ ಈಗಿನ ಮಕ್ಕಳು ನಂಬುತ್ತಾರಾ?
– ಓದುಗರು, ಕುಣಿಗಲ್

ನಾನು ದ್ರೌಪದಿಯಾಗಿದ್ದ ಒಂದು ನಾಟಕದಲ್ಲಿ ವಿಶ್ವರೂಪ ಅಂದರೆ ಒಂದು ಬಣ್ಣದ ಪರದೆ, ಹಿಂದೆ ಸೀರಿಯಲ್ ಸೆಟ್ ಬಲ್ಬು. ಗುಂಡಿ ಒತ್ತಿದ ತಕ್ಷಣ ಊರ ಕರೆಂಟೇ ಹೋಯಿತು. ಕತ್ತಲಲ್ಲಿ ಕೃಷ್ಣ ನಿಲ್ಲಿಸದೆ ಪದ್ಯ ಹಾಡಿದ. ಜನ ಕೈಮುಗಿದಿದ್ದರು ಅಂತ ಆಮೇಲೆ ಲೈಟು ಬಂದಾಗ ಗೊತ್ತಾಯಿತು. ಗ್ರಾಫಿಕ್ಸ್ ಬೇಡ ಅನ್ನಲ್ಲ, ಆದರೆ ಮೊದಲು ಹಾಡುವವನನ್ನು ಹುಡುಕಿ.

ಪ್ರಶ್ನೆ: ಅಕ್ಕಾ, ನಾನು ರಂಗತರಬೇತಿ ಮಾಡಿದವಳು. ಆಡಿಷನ್‌ಗೆ ಹೋದಾಗೆಲ್ಲ ‘ನಾಟಕದ ಥರ ಮಾಡಬೇಡಮ್ಮ’ ಅನ್ನುತ್ತಾರೆ. ನಾಟಕದ ಥರ ಅಂದರೆ ಏನು? ಕೇಳಿದರೆ ಯಾರೂ ಬಿಡಿಸಿ ಹೇಳಲ್ಲ.
– ಓದುಗರು, ಶಿರಾ

ನನಗೂ ಹೇಳಿದ್ದಾರೆ, ಅದೂ ಚೆನ್ನಾಗಿ. ಒಂದು ಸಿನಿಮಾಗೆ ಕುಂತಿ ಪಾರ್ಟಿಗೆ ಕರೆದಿದ್ದರು. ಹೆಸರು ಬೇಡ, ಅದು ಬಿಡುಗಡೆಯೇ ಆಗಲಿಲ್ಲ. ಕರ್ಣನ ಮುಂದೆ ನಿಂತು ಕೊನೆಯ ಸಾಲಿನಲ್ಲಿ ಗೋಣಿಚೀಲ ಹಾಸಿಕೊಂಡು ಕೂತ ಮುದುಕನಿಗೂ ಕೇಳಿಸಬೇಕು ಅಂತ ‘ಮಗನೇ…’ ಅಂದೆ. ಸೌಂಡ್ ಹುಡುಗ ಕಿವಿಯ ಹೆಡ್‌ಫೋನ್ ಕಿತ್ತೆಸೆದು ಓಡಿ ಬಂದ. ‘ಅಮ್ಮಾ, ಮೈಕು ನಿಮ್ಮ ಸೆರಗಿನಲ್ಲೇ ಇದೆ’ ಅಂದ. ಆಮೇಲೆ ಮಾಡಿದ ಹನ್ನೆರಡು ಟೇಕ್‌ನಲ್ಲಿ ನಾನು ಎಷ್ಟು ಕುಗ್ಗಿದೆ ಅಂದರೆ ಕುಂತಿ ಕಾಯಿಲೆ ಬಿದ್ದವಳ ಹಾಗೆ ಆದಳು. ಆ ದೃಶ್ಯ ಎಡಿಟಿಂಗ್‌ನಲ್ಲಿ ಹೋಯಿತು ಅಂತ ಆಮೇಲೆ ಕೇಳಿದೆ. ಮೂರು ದಿನ ಊಟ ಸೇರಲಿಲ್ಲ.

ಎಷ್ಟೋ ವರ್ಷದ ಮೇಲೆ ಡಬ್ಬಿಂಗ್ ಕೋಣೆಯಲ್ಲಿ ತಿಳಿಯಿತು. ಅವರು ಕಡಿಮೆ ಮಾಡು ಅಂದದ್ದು ದೂರವನ್ನು, ಸಂಕಟವನ್ನಲ್ಲ. ನಾನು ಎರಡನ್ನೂ ಕಡಿಮೆ ಮಾಡಿದ್ದೆ. ನೀನು ಒಂದು ಅಭ್ಯಾಸ ಮಾಡು. ನಿನಗೆ ಬಾಯಿಪಾಠ ಇರುವ ಒಂದು ದೊಡ್ಡ ಮಾತನ್ನು ರಾತ್ರಿ ಕರೆಂಟು ಹೋದಾಗ ಪಕ್ಕದಲ್ಲಿ ಮಲಗಿದ ಅಕ್ಕನಿಗೋ ತಂಗಿಗೋ ಹೇಳು. ಅಪ್ಪನಿಗೆ ಎಚ್ಚರ ಆಗಬಾರದು, ಅವಳಿಗೆ ಮಾತ್ರ ಅಳು ಬರಬೇಕು. ಅಷ್ಟೇ ಸಿನಿಮಾ.

ಇನ್ನು ‘ನಾಟಕದ ಥರ’ ಅಂತ ಮೂಗು ಮುರಿಯುವವರಿಗೆ ಒಂದು ಮಾತು ನೆನಪು ಮಾಡು. ತೆರೆಗೆ ಬಂದ ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನ’ (1934). ಅದಕ್ಕೆ ಮಾತು, ಹಾಡು ಬರೆದವರು ಬೆಳ್ಳಾವೆ ನರಹರಿಶಾಸ್ತ್ರಿಗಳು. ನಾಟಕದವರು, ನಮ್ಮ ತುಮಕೂರು ಪಕ್ಕದ ಬೆಳ್ಳಾವಿಯವರು. ರಾಜ್‌ಕುಮಾರ್ ನಾಯಕರಾದ ಮೊದಲ ಸಿನಿಮಾ ‘ಬೇಡರ ಕಣ್ಣಪ್ಪ’ (1954) ಗುಬ್ಬಿ ಕಂಪನಿ ಆಡುತ್ತಿದ್ದ ನಾಟಕ. ಅವರೂ ಅದೇ ಕಂಪನಿಯಲ್ಲಿ ಪಳಗಿದವರು. ‘ಬಭ್ರುವಾಹನ’ದಲ್ಲಿ (1977) ಅಪ್ಪ ಮಗ ಎದುರುಬದುರು ನಿಂತು ‘ಯಾರು ತಿಳಿಯರು ನಿನ್ನ ಭುಜಬಲದ ಪರಾಕ್ರಮ’ ಅಂತ ಹಾಡುತ್ತಾರಲ್ಲ, ಅದು ಅಪ್ಪಟ ನಾಟಕದ ಮಟ್ಟು. ಯಾರೂ ಕಡಿಮೆ ಮಾಡಿ ಅನ್ನಲಿಲ್ಲ. ಇವತ್ತಿಗೂ ಆರ್ಕೆಸ್ಟ್ರಾದಲ್ಲಿ ಅದಕ್ಕೆ ಒನ್ಸ್ ಮೋರ್ ಬೀಳುತ್ತೆ.

ಪ್ರಶ್ನೆ: ನಾನು ಹೈಸ್ಕೂಲ್ ಕನ್ನಡ ಶಿಕ್ಷಕ. ಮಾಸ್ತಿಯವರ ಊರಿನ ತಾಲ್ಲೂಕಿನವನು ಅನ್ನುವ ಹೆಮ್ಮೆ ಇದೆ. ‘ಕಾಕನಕೋಟೆ’ ನಾಟಕ, ಸಿನಿಮಾ ಎರಡನ್ನೂ ಮಕ್ಕಳಿಗೆ ತೋರಿಸಬೇಕೆಂದಿದ್ದೇನೆ. ಎರಡರ ವ್ಯತ್ಯಾಸವನ್ನು ಹೇಗೆ ವಿವರಿಸಲಿ?
– ಶಿಕ್ಷಕರು, ಮಾಲೂರು

ಮೇಷ್ಟ್ರೇ, ಒಳ್ಳೆ ಜೋಡಿ ಆರಿಸಿದ್ದೀರಿ. ಅದು ಕಾಡುಕುರುಬರ ಕಥೆ. ನಟರಂಗ ತಂಡ ರಂಗದ ಮೇಲೆ ಆಡಿ ಗೆದ್ದ ನಾಟಕವನ್ನೇ 1977ರಲ್ಲಿ ಸಿ.ಆರ್. ಸಿಂಹ ಸಿನಿಮಾ ಮಾಡಿದರು. ಲೋಕೇಶ್ ಇದ್ದರು. ಸಿ. ಅಶ್ವಥ್ ಸಂಗೀತ, ‘ನೇಸರ ನೋಡು’ ಅನ್ನುವ ಮಾಸ್ತಿಯವರದೇ ಹಾಡು. ಆಗ ಮಾಸ್ತಿಯವರಿಗೆ 86 ದಾಟುತ್ತಿತ್ತು.

ಮಕ್ಕಳಿಗೆ ಒಂದು ಆಟ ಆಡಿಸಿ. ನಾಟಕದ ಪುಸ್ತಕ ಕೊಟ್ಟು, ಕಾಡು ಹೀಗಿದೆ ಹಾಗಿದೆ ಅಂತ ಹೇಳುವ ಮಾತಿಗೆಲ್ಲ ಪೆನ್ಸಿಲ್‌ನಲ್ಲಿ ಗೆರೆ ಹಾಕಿಸಿ. ರಂಗದ ಮೇಲೆ ಕಾಡು ಇರುವುದು ಮಾತಿನಲ್ಲಿ ಮಾತ್ರ, ಆ ಮಾತು ತೆಗೆದರೆ ಮರವೇ ಇಲ್ಲ. ಆಮೇಲೆ ಸಿನಿಮಾ ಹಾಕಿ, ಗೆರೆ ಹಾಕಿದ ಮಾತುಗಳಲ್ಲಿ ಎಷ್ಟು ಉಳಿದಿವೆ ನೋಡಲಿ. ಮರವೇ ಬಂದು ನಿಂತ ಮೇಲೆ ಮರದ ವರ್ಣನೆ ಯಾಕೆ? ಹಾಡು ಮಾತ್ರ ಬಿದ್ದುಹೋಗಿಲ್ಲ. ಬೆಳಗಾದರೆ ನೇಸರನಿಗೆ ಹಾಡುವುದು ಆ ಜನಕ್ಕೆ ಸಹಜ. ‘ಇದ್ದಕ್ಕಿದ್ದ ಹಾಗೆ ಯಾಕೆ ಹಾಡ್ತಾರೆ’ ಅಂತ ಯಾವ ಮಗುವೂ ಕೇಳಲ್ಲ. ಕೇಳಿದರೆ ಆ ಮಗುವಿನ ಹೆಸರು ಬರೆದಿಟ್ಟುಕೊಳ್ಳಿ, ಮುಂದೆ ಒಳ್ಳೆ ಡೈರೆಕ್ಟರ್ ಆಗಬಹುದು.

ಪ್ರಶ್ನೆ: ನಮ್ಮ ಕವಿಗಳ ಪದ್ಯಗಳನ್ನು ಸಿನಿಮಾದವರು ತಗೊಂಡು ಹಾಳು ಮಾಡುತ್ತಾರೆ ಎಂಬುದು ನನ್ನ ಅಭಿಪ್ರಾಯ. ವಾದ್ಯ ಜಾಸ್ತಿ, ಚರಣ ಕಡಿಮೆ. ಕವಿತೆಯನ್ನು ಪುಸ್ತಕದಲ್ಲೇ ಬಿಡಬಾರದೇ?
– ನಿವೃತ್ತ ಬ್ಯಾಂಕ್ ನೌಕರರು, ತಿಪಟೂರು

ಸ್ವಾಮಿ, ಪುಸ್ತಕದಲ್ಲೇ ಬಿಟ್ಟಿದ್ದರೆ ನನ್ನಂಥ ಏಳನೇ ಕ್ಲಾಸಿನವಳಿಗೆ ಬೇಂದ್ರೆ ಎಲ್ಲಿ ಸಿಗುತ್ತಿದ್ದರು? ನನಗೆ ‘ಮೂಡಲ ಮನೆಯ ಮುತ್ತಿನ ನೀರಿನ’ ಸಿಕ್ಕಿದ್ದು ‘ಬೆಳ್ಳಿ ಮೋಡ’ದಿಂದ (1967). ಆ ಸಿನಿಮಾ ಕಪ್ಪು ಬಿಳುಪು, ಗೊತ್ತಲ್ವಾ? ಬೆಳಗಿನ ಬಣ್ಣವೆಲ್ಲ ಹಾಡಿನಲ್ಲಿತ್ತು, ತೆರೆಯಲ್ಲಿ ಬರೀ ಬೆಳಕು, ನೆರಳು. ನಾನು ಬಣ್ಣ ನೋಡಿದೆ ಅಂತಲೇ ಇವತ್ತಿಗೂ ನೆನಪು. ಮೇಲಿನ ಗುಬ್ಬಿ ಹುಡುಗನಿಗೆ ಹೇಳಿದ ಬೆವರಿನ ಮಾತೇ ಇದೂ.

ಅಡಿಗರ ‘ಯಾವ ಮೋಹನ ಮುರಳಿ ಕರೆಯಿತು’ ನೋಡಿ. ಪುಸ್ತಕದಲ್ಲಿ ಆ ‘ದೂರ ತೀರ’ ಯಾವುದು ಅಂತ ಒಬ್ಬೊಬ್ಬರು ಒಂದೊಂದು ಹೇಳುತ್ತಾರೆ. ನಾಗತಿಹಳ್ಳಿ ಚಂದ್ರಶೇಖರ್ ಅದನ್ನು ‘ಅಮೇರಿಕಾ ಅಮೇರಿಕಾ’ದಲ್ಲಿ ಇಟ್ಟರು, ಮನೋಮೂರ್ತಿ ಸಂಗೀತ ಕೊಟ್ಟರು. ಮಗ ಅಮೆರಿಕದಲ್ಲಿ, ತಾಯಿ ತಿಪಟೂರಿನಲ್ಲಿ ತೆಂಗಿನಕಾಯಿ ಸುಲಿಸುತ್ತ ಇದ್ದಾಳೆ ಅಂದುಕೊಳ್ಳಿ, ಅವಳಿಗೆ ಆ ಹಾಡು ಬೇರೆಯೇ ಆಯಿತು. ಪದ ಒಂದೂ ಬದಲಾಗಲಿಲ್ಲ. ಅಡಿಗರ ಅರ್ಥ ಚಿಕ್ಕದಾಯಿತು ಅಂತ ನೀವು ಅನ್ನಬಹುದು. ಇರಬಹುದು. ಪುಸ್ತಕ ಹಾಗೇ ಇದೆಯಲ್ಲ, ತೆಗೆದು ಓದಿ.

ಇನ್ನೊಂದು ದಾರಿಯೂ ಇದೆ, ಇಡೀ ಸಂಕಲನವನ್ನೇ ಕಥೆ ಮಾಡುವುದು. ಕೆ.ಎಸ್. ನರಸಿಂಹಸ್ವಾಮಿಯವರ ‘ಮೈಸೂರು ಮಲ್ಲಿಗೆ’ 1942ರ ಪುಸ್ತಕ. ಅರ್ಧ ಶತಮಾನದ ಮೇಲೆ ಟಿ.ಎಸ್. ನಾಗಾಭರಣ ಅದನ್ನು ಸಿನಿಮಾ ಮಾಡಿದರು. ಬಳೆಗಾರ ಚೆನ್ನಯ್ಯ, ಮಾವನ ಮನೆಗೆ ಬಂದ ರಾಯರು, ಇವರೆಲ್ಲ ಬೇರೆ ಬೇರೆ ಪದ್ಯಗಳಲ್ಲಿ ಇದ್ದವರು. ಅವರನ್ನೆಲ್ಲ ಒಂದೇ ಊರಿಗೆ ತಂದು, ಸ್ವಾತಂತ್ರ್ಯ ಹೋರಾಟದ ಕಾಲ ಕೊಟ್ಟರು. ಕವಿಗಳಿಗೆ ಗೀತರಚನೆಗೆ ರಾಷ್ಟ್ರಪ್ರಶಸ್ತಿ ಬಂತು. ಹೊಸ ಹೆಂಡತಿಗೆ ಅಂತ ಬರೆದ ಪದ್ಯಕ್ಕೆ ಮುದುಕರಾದ ಮೇಲೆ ಸಿನಿಮಾ ಪ್ರಶಸ್ತಿ! ನನಗೆ ಆ ಸಿನಿಮಾದಲ್ಲಿ ಹೋರಾಟದ ಭಾಗ ಸ್ವಲ್ಪ ಹೊರಗಿನಿಂದ ತಂದು ಅಂಟಿಸಿದ ಹಾಗೆ ಕಂಡಿತು. ಪದ್ಯಗಳಲ್ಲಿ ಇರುವುದು ಮನೆ, ಮಲ್ಲಿಗೆ, ಮಾವ. ಆದರೆ ಕಥೆ ನಡೆಯಲು ಏನಾದರೂ ಬೇಕಲ್ಲ. ಬರೀ ಸುಖದಲ್ಲಿ ಎರಡು ಗಂಟೆ ದಾಟುವುದು ಕಷ್ಟ.

ಚರಣ ಕತ್ತರಿಸುವ ವಿಷಯದಲ್ಲಿ ಮಾತ್ರ ನಾನು ನಿಮ್ಮ ಕಡೆ. ಬೇಡ ಅಂದರೆ ಇಡೀ ಚರಣ ಬಿಡಲಿ. ಮಟ್ಟಿಗೆ ಕೂರಲ್ಲ ಅಂತ ನಡುವೆ ಒಂದು ಪದ ಕಿತ್ತು ಇನ್ನೊಂದು ತುರುಕುವವರನ್ನು ನೀವು ಬೈಯಿರಿ, ನಾನೂ ದನಿಗೂಡಿಸುತ್ತೇನೆ.

ಪ್ರಶ್ನೆ: ನಮ್ಮ ಕಡೆ ನಾಟಕದಲ್ಲಿ ಮಾತು ಕನ್ನಡ, ಪದ್ಯ ತೆಲುಗು. ನಮ್ಮ ತಂಡದ ನಾಟಕವನ್ನು ಸಿನಿಮಾ ಮಾಡುತ್ತೇವೆ ಅಂತ ಬೆಂಗಳೂರಿನವರು ಬಂದಿದ್ದರು. ಪದ್ಯವನ್ನೂ ಕನ್ನಡ ಮಾಡಿ ಅನ್ನುತ್ತಾರೆ. ಮಾಡಬೇಕಾ?
– ನಾಟಕ ತಂಡದವರು, ಚಿಂತಾಮಣಿ

ಬೇಡ. ನಿಮ್ಮ ಊರು ಮಾತಾಡುವುದೇ ಹಾಗೆ, ಸಿನಿಮಾನೂ ಹಾಗೇ ಮಾತಾಡಲಿ. ನಿಮ್ಮ ತಾಲ್ಲೂಕಿನ ಕೈವಾರದ ತಾತಯ್ಯನವರೇ ಕನ್ನಡದಲ್ಲೂ ತೆಲುಗಿನಲ್ಲೂ ಪದ ಕಟ್ಟಿದವರು. ಭಜನೆಯಲ್ಲಿ ಕೂತವರು ಇದು ಯಾವ ಭಾಷೆ ಅಂತ ಕೇಳುತ್ತಾರಾ?

ಒಂದು ಸಲ ಶ್ರೀನಿವಾಸಪುರದ ಆಚೆ ಒಂದು ಹಳ್ಳಿಗೆ ರುಕ್ಮಿಣಿ ಪಾರ್ಟಿಗೆ ಹೋಗಿದ್ದೆ. ತೆಲುಗು ಪದ್ಯಗಳನ್ನು ಕನ್ನಡ ಅಕ್ಷರದಲ್ಲಿ ಬರೆದುಕೊಂಡು ಬಸ್ಸಿನಲ್ಲೇ ಉರುಹೊಡೆದೆ. ರಂಗದ ಮೇಲೆ ಒಂದು ಕಡೆ ನಾಲಿಗೆ ಹೊರಳಲಿಲ್ಲ. ಮುಂದಿನ ಸಾಲಿನ ಅಜ್ಜಿ ಎಲೆಅಡಿಕೆ ಉಗುಳಿ ಬಂದು ಸರಿಯಾದ ಪದ ಹೇಳಿಕೊಟ್ಟಳು. ನಾನು ತಿದ್ದಿಕೊಂಡು ಮತ್ತೆ ಹಾಡಿದೆ. ಅದಕ್ಕೂ ಚಪ್ಪಾಳೆ. ಆಮೇಲೆ ಅದೇ ಅಜ್ಜಿ ಮನೆಯಲ್ಲಿ ರಾಗಿಮುದ್ದೆ, ಅವರೆಕಾಳು ಸಾರು. ಬೆಂಗಳೂರಿನವರಿಗೆ ಇಷ್ಟೇ ಹೇಳಿ: ತೆಲುಗು ಪದ್ಯ ಇರಲಿ, ಕೆಳಗೆ ಕನ್ನಡದಲ್ಲಿ ಅರ್ಥ ಹಾಕಿ. ಕೊರಿಯಾ ಭಾಷೆಯ ಸೀರಿಯಲ್ಲನ್ನೇ ಕೆಳಗೆ ಓದಿಕೊಂಡು ನೋಡುವ ಮಕ್ಕಳು ಇದನ್ನು ನೋಡಲ್ವಾ?

ಪ್ರಶ್ನೆ: ಕಿರುಚಿತ್ರದಲ್ಲಿ ಹಳೆಯ ಕವಿತೆ, ನಾಟಕ ಬಳಸಲು ಅನುಮತಿ ಬೇಕೇ? ‘ಕವಿ ತೀರಿಕೊಂಡಿದ್ದಾರೆ, ಯಾರು ಕೇಳುತ್ತಾರೆ’ ಎನ್ನುತ್ತಾರೆ.
– ಓದುಗರು, ಕೋಲಾರ

ಮಕ್ಕಳು ಮೊಮ್ಮಕ್ಕಳು ಕೇಳುತ್ತಾರೆ. ನಮ್ಮ ದೇಶದಲ್ಲಿ ಬರೆದವರು ತೀರಿಕೊಂಡ ಮುಂದಿನ ವರ್ಷದಿಂದ 60 ವರ್ಷ ಹಕ್ಕು ಇರುತ್ತೆ. ಕೈಲಾಸಂ, ಬಿ.ಎಂ.ಶ್ರೀ. ಇಬ್ಬರೂ 1946ರಲ್ಲಿ ಹೋದರು, ಅವರದ್ದು ಈಗ ಎಲ್ಲರ ಸ್ವತ್ತು. ನಿಮ್ಮ ಮುಳಬಾಗಿಲಿನ ಡಿ.ವಿ.ಜಿ. ಹೋದದ್ದು 1975ರಲ್ಲಿ, ಹಾಗಾಗಿ ಕಗ್ಗಕ್ಕೆ 2035ರ ಕೊನೆಯವರೆಗೆ ಅನುಮತಿ ಬೇಕು. ಬೇಂದ್ರೆಯವರದ್ದು 2041, ಮಾಸ್ತಿಯವರದ್ದು 2046. ರನ್ನ, ಕುಮಾರವ್ಯಾಸ ಯಾರನ್ನೂ ಕೇಳಲ್ಲ. ಆದರೆ ಇತ್ತೀಚಿನವರು ಬರೆದ ಹೊಸಗನ್ನಡ ಗದ್ಯಾನುವಾದ ತಗೊಂಡರೆ ಅದರ ಹಕ್ಕು ಬೇರೆ. ಜನ ಎಡವುವುದು ಮಟ್ಟಿನ ವಿಷಯದಲ್ಲಿ. ಕವಿತೆಗೆ ಮನೆಯವರ ಒಪ್ಪಿಗೆ ಸಿಕ್ಕಿತು ಅಂತ ಕ್ಯಾಸೆಟ್ಟಿನ ರಾಗವನ್ನೇ ಹಾಕಿದರೆ ಸಂಗೀತ ಮಾಡಿದವರು, ಧ್ವನಿಮುದ್ರಣದವರು ಬಂದು ನಿಲ್ಲುತ್ತಾರೆ. ಹೊಸ ಮಟ್ಟು ಕಟ್ಟಿಸಿ. ಒಪ್ಪಿಗೆ ಬಾಯಿಮಾತಿನಲ್ಲಿ ಬೇಡ, ಕಾಗದದ ಮೇಲಿರಲಿ.

ಪ್ರಶ್ನೆ: ನಿಮಗೇ ಯಾರಾದರೂ ದುಡ್ಡು ಕೊಟ್ಟು ‘ಒಂದು ಹಳೆಯ ನಾಟಕ ಸಿನಿಮಾ ಮಾಡಿ’ ಅಂದರೆ ಯಾವುದು ಮಾಡುತ್ತೀರಿ?
– ಓದುಗರು, ಗೌರಿಬಿದನೂರು

ಬಿ.ಎಂ.ಶ್ರೀ. ಅವರ ‘ಅಶ್ವತ್ಥಾಮನ್’. ತಡಮಾಡದೆ ಹೇಳಿದೆ, ನೋಡಿ. ಗ್ರೀಕರ ಸೋಫೋಕ್ಲಿಸ್ ಬರೆದ ‘ಏಜಾಕ್ಸ್’ ನಾಟಕವನ್ನು ಅವರು ನಮ್ಮ ಮಹಾಭಾರತಕ್ಕೆ ತಂದರು. ಗ್ರೀಕರ ಕಥೆಯಲ್ಲಿ ದೊಡ್ಡ ವೀರನೊಬ್ಬನಿಗೆ ರಾತ್ರಿ ಮರುಳು ಕವಿಯುತ್ತೆ. ತನಗೆ ಮೋಸ ಮಾಡಿದ ನಾಯಕರು ಅಂದುಕೊಂಡು ಕುರಿ, ದನದ ಹಿಂಡನ್ನು ಕಡಿದುಹಾಕುತ್ತಾನೆ. ಬೆಳಿಗ್ಗೆ ಬುದ್ಧಿ ತಿಳಿಯಾಗುತ್ತೆ. ಸುತ್ತ ನೋಡುತ್ತಾನೆ.

ನಾನು ಅದನ್ನು ಶಿರಾ, ಪಾವಗಡದ ಬಯಲಿನಲ್ಲಿ ತೆಗೆಯುತ್ತೇನೆ. ಕುರಿ ಸಾಕುವವರ ಸೀಮೆ ಅದು, ಜಾಲಿ ಮರ, ಕೆಂಪು ಮಣ್ಣು. ರಾತ್ರಿಯ ಭಾಗಕ್ಕೆ ಒಂದು ಮಾತೂ ಬೇಡ. ಬೆಳಿಗ್ಗೆ ಅವನು ಕೂತಿರುತ್ತಾನೆ, ಕುರಿಗಾಹಿಯೊಬ್ಬ ದೂರದಿಂದ ತನ್ನ ಹಿಂಡು ಎಣಿಸಿಕೊಂಡು ಬರುತ್ತಾನೆ. ಲೆಕ್ಕ ತಪ್ಪುತ್ತೆ, ಮತ್ತೆ ಎಣಿಸುತ್ತಾನೆ. ಅಶ್ವತ್ಥಾಮನಿಗೆ ಆ ಎಣಿಕೆ ಕೇಳಿಸುತ್ತೆ. ಆಗ ಮೊದಲ ಸಲ ಬಾಯಿ ಬಿಡುತ್ತಾನೆ, ಬಿ.ಎಂ.ಶ್ರೀ. ಅವರ ಹಳೆಗನ್ನಡದಲ್ಲಿ.

ಪಕ್ಕದ ಮನೆಯ ಹುಡುಗ ಸಿನಿಮಾದಲ್ಲಿ ಸಹಾಯಕ. ಅವನಿಗೆ ಇದನ್ನು ಹೇಳಿದೆ. ಪೂರ್ತಿ ಕೇಳಿ, ‘ಅಜ್ಜಿ, ಪ್ರಾಣಿ ಬಳಸೋಕೆ ಪ್ರಾಣಿ ಕಲ್ಯಾಣ ಮಂಡಳಿಯ ಅನುಮತಿ ಬೇಕು, ಒಂದೊಂದು ಕುರಿಗೂ ಲೆಕ್ಕ ಕೊಡಬೇಕು’ ಅಂದ. ವೀರಣ್ಣನವರು ಆನೆ ತಂದ ರಂಗದಿಂದ ನಾವು ಇಲ್ಲಿಗೆ ಬಂದಿದ್ದೇವೆ. ಸರಿ, ಕುರಿ ತೋರಿಸಲ್ಲ. ಕೊರಳ ಗಂಟೆ ಸದ್ದು ಕೇಳಿಸುತ್ತೇನೆ, ಒಂದೊಂದೇ ನಿಲ್ಲುತ್ತಾ ಬರುತ್ತೆ. ಗಂಟೆಗೆ ಅನುಮತಿ ಬೇಕಾ ಅಂತ ಕೇಳಿದ್ದೇನೆ, ವಿಚಾರಿಸಿ ಹೇಳುತ್ತೇನೆ ಅಂದಿದ್ದಾನೆ.